ಆರಾಧ್ಯರ ತಾಳೆಯಂತ್ರ ಮತ್ತು ಹನ್ನೆರಡನೆಯ ಕಪ್

“ಇದಕ್ಕೆ ಆಫ್ ಮಾಡೋ ಸ್ವಿಚ್ಚೇ ಇಲ್ಲ!” ಎಂದು ನಂಜುಂಡಾರಾಧ್ಯರು ಎದೆಯುಬ್ಬಿಸಿ ಸಾರಿದರು.

ಸೋಫಾದಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದ ಗಂಗಾಂಬಿಕೆ ತಲೆ ಎತ್ತದೆಯೇ, “ನಿಮಗೂ ಇಲ್ಲ. ನಲವತ್ತೊಂದು ವರ್ಷದಿಂದ ನೋಡ್ತಾ ಇದೀನಿ” ಎಂದರು.

ಹೆಂಡತಿಯ ಇಂಥ ಮಾತು ಆರಾಧ್ಯರಿಗೆ ತಾಗುತ್ತಿರಲಿಲ್ಲ. ತುಮಕೂರಿನ ಕಾಲೇಜೊಂದರ ಭೌತಶಾಸ್ತ್ರ ಪ್ರಯೋಗಾಲಯದಲ್ಲಿ ಮೂವತ್ತಮೂರು ವರ್ಷ ಹುಡುಗರಿಗೆ ಲೋಲಕ ತೂಗುವುದನ್ನು ಹೇಳಿಕೊಟ್ಟು, ನಿವೃತ್ತರಾದ ಮೇಲೆ ಅವರು ಮನೆಯಲ್ಲೇ ಸಂಶೋಧನೆಗೆ ಇಳಿದಿದ್ದರು. ಆ ಭಾನುವಾರ ಬೆಳಗ್ಗೆ ನಡುಮನೆಯ ಮೇಜಿನ ಮೇಲೆ ಕೂತಿದ್ದದ್ದು ಅವರ ಹೊಸ ಕೂಸು. ಕಾಲೇಜಿನವರು ಗುಜರಿಗೆ ಹಾಕಿದ್ದ ತಕ್ಕಡಿಯ ಗಾಜಿನ ಪೆಟ್ಟಿಗೆ, ಅದರೊಳಗೆ ತಂತಿಗಳ ಕಾಡು, ಎದುರಿಗೆ ಸದಾ ನಡುಗುವ ಒಂದು ಮುಳ್ಳು, ಕೆಳಗೆ ಸ್ಕೂಟರಿನ ಬ್ಯಾಟರಿ. ನೆತ್ತಿಯ ಮೇಲೆ ಆಂಟೆನಾದ ಹಾಗೆ ಒಂದರ ಮೇಲೊಂದು ಜೋಡಿಸಿದ ಮೂರು ತಟ್ಟೆಗಳು.

“ರೀ, ಅದು ನಮ್ಮನೆ ಇಡ್ಲಿ ತಟ್ಟೆ ಅಲ್ವಾ? ದೀಪಾವಳಿಯಿಂದ ಹುಡುಕ್ತಾ ಇದೀನಿ!”

“ವಿಜ್ಞಾನಕ್ಕೆ ಅಷ್ಟೂ ಕೊಡಕ್ಕಾಗಲ್ವೇನೇ? ಇದು ತಾಳೆಯಂತ್ರ. ಯಾವ ಲೆಕ್ಕ ತಾಳೆ ಆಗಲ್ವೋ ಅದನ್ನ ತಾಳೆ ಮಾಡುತ್ತೆ. ತಾಳೆ ಆದ ತಕ್ಷಣ ತಾನೇ ನಿಲ್ಲುತ್ತೆ. ಅದಕ್ಕೇ ಸ್ವಿಚ್ ಬೇಡ. ಕರೆಂಟ್ ಹೋದ್ರೂ ಬ್ಯಾಟರಿ ಇದೆ!”

ಈ ಯಂತ್ರದ ಮೂಲ ಇದ್ದದ್ದು ಪ್ರಯೋಗಾಲಯದ ಒಂದು ಹಳೆಯ ಅಭ್ಯಾಸದಲ್ಲಿ. ಅಳತೆ ಮಾಡಿ, ಅದರಿಂದ ಉತ್ತರ ಕಂಡುಹಿಡಿಯುವುದು ವಿಜ್ಞಾನ. ಹುಡುಗರು ಮಾಡುತ್ತಿದ್ದದ್ದು ಅದರ ತಿರುವುಮುರುವು. ಪುಸ್ತಕದ ಕೊನೆಯ ಕೋಷ್ಟಕ ನೋಡಿ ಉತ್ತರವನ್ನು ಮೊದಲು ಬರೆದುಕೊಂಡು, ಅದಕ್ಕೆ ಹೊಂದುವಂಥ ರೀಡಿಂಗುಗಳನ್ನು ಕೂತಲ್ಲೇ ಹುಟ್ಟಿಸುತ್ತಿದ್ದರು. ಆರಾಧ್ಯರು ಮೊದಮೊದಲು ಗದರುತ್ತಿದ್ದರು. ಆಮೇಲೊಮ್ಮೆ, ಪ್ರಾಮಾಣಿಕವಾಗಿ ಅಳೆದ ಹುಡುಗಿಯೊಬ್ಬಳಿಗೆ ಉತ್ತರ ತಪ್ಪಿ ಬಂದು, ಅವಳು ಅಳುವುದನ್ನು ನೋಡಲಾರದೆ ತಾವೇ ಪೆನ್ಸಿಲ್ ಹಿಡಿದು ಎರಡು ರೀಡಿಂಗ್ ತಿದ್ದಿಕೊಟ್ಟರು. ಅಲ್ಲಿಂದ ಮುಂದೆ ಅವರ ಕೈ ನಿಲ್ಲಲಿಲ್ಲ. ಯಾರದಾದರೂ ಮುಖ ಸಪ್ಪಗಾದರೆ ಸಾಕು, ಅವರಿಗೆ ಏನನ್ನಾದರೂ ತಿದ್ದಬೇಕೆನಿಸುತ್ತಿತ್ತು.

“ನೋಡೀಗ!” ಎಂದು ಆರಾಧ್ಯರು ಹಳೆಯ ರೆಕಾರ್ಡ್ ಪುಸ್ತಕವೊಂದನ್ನು ತೆರೆದರು. ಯಾವನೋ ಹುಡುಗ ಲೋಲಕ ತೂಗಿ, ಭೂಮಿಯ ಗುರುತ್ವ ೯೮೦ ಬರಬೇಕಾದಲ್ಲಿ ೧೧೪೦ ಎಂದು ಬರೆದಿದ್ದ. ಆರಾಧ್ಯರು ಅದನ್ನು ಹೊಡೆದುಹಾಕಿ ಕೆಂಪು ಶಾಯಿಯಲ್ಲಿ ೯೮೦ ಎಂದು ಬರೆದರು. ಪುಸ್ತಕವನ್ನು ಪೆಟ್ಟಿಗೆಯೊಳಗಿಟ್ಟು ಗುಂಡಿ ಒತ್ತಿದರು. ಇಡ್ಲಿ ತಟ್ಟೆಗಳು ಗುಂಯ್‌ಗುಟ್ಟಿದವು. ಪುಟದ ಮೇಲೆ ದಾರದ ಉದ್ದ ನೂರು ಸೆಂಟಿಮೀಟರ್ ಎಂದಿದ್ದದ್ದು ಎರೆಹುಳುವಿನಂತೆ ಹೊರಳಾಡಿ ಎಂಬತ್ತಾರು ಎಂದಾಯಿತು. ‘ಟಿಣ್!’ ಯಂತ್ರ ನಿಂತಿತು.

“ಹೆಂಗೆ!” ಆರಾಧ್ಯರ ಮುಖ ಅರಳಿತು.

“ಪುಸ್ತಕ ಸರಿಹೋಯ್ತು. ಆ ದಾರಕ್ಕೆ ಗೊತ್ತಾಯ್ತಾ?”

“ದಾರಕ್ಕೆ ಯಾಕೇ ಗೊತ್ತಾಗ್ಬೇಕು? ಎಲ್ಲದರಲ್ಲೂ ಕೊಂಕು!”

ಅಷ್ಟರಲ್ಲಿ ಗಂಗಾಂಬಿಕೆಯ ಕಣ್ಣು ಗೋಡೆಯ ಗಡಿಯಾರದ ಮೇಲೆ ಬಿತ್ತು. ಅವರ ಮಾವನ ಕಾಲದ ಗಡಿಯಾರ. ಅದರ ಲೋಲಕದ ಕಡ್ಡಿ ಎರಡು ಬೆರಳಷ್ಟು ಗಿಡ್ಡವಾಗಿತ್ತು! ಬಸ್ಸಿಗೆ ಓಡುವವರ ಹಾಗೆ ಟಿಕ್‌ಟಿಕ್ ಎನ್ನುತ್ತಿತ್ತು.

“ರೀ, ಲೋಲಕ ಮೇಲಕ್ಕೆ ಹೋಗಿದೆ.”

“ನಿನ್ನ ಕನ್ನಡಕದ ನಂಬರ್ ಮೇಲಕ್ಕೆ ಹೋಗಿದೆ.”

ಪುಸ್ತಕದಲ್ಲಿ ಬರೆದದ್ದಕ್ಕೆ ತಕ್ಕಂತೆ ಹೊರಗಿನ ಲೋಲಕವೊಂದು ಗಿಡ್ಡವಾಗಿದೆ ಎಂಬುದನ್ನು ಆರಾಧ್ಯರು ಆಗಲೇ ಗಮನಿಸಿದ್ದರೆ ಮುಂದಿನದ್ದೆಲ್ಲ ತಪ್ಪುತ್ತಿತ್ತು. ಆದರೆ ಅವರಿಗೆ ಗಡಿಯಾರ ನೋಡುವ ಮನಸ್ಸಿರಲಿಲ್ಲ. ಬೇರೊಂದು ಚಿಂತೆಯಿತ್ತು.

“ಅದು ಸರಿ, ಭಾನುವಾರ ಬೆಳಗ್ಗೆ ತಿಂಡಿನೂ ತಿನ್ನದೆ ಇದನ್ನ ಮುಗಿಸೋ ಅವಸರ ಏನಿತ್ತು?” ಎಂದು ಗಂಗಾಂಬಿಕೆ ಕೇಳಿದರು.

ಆರಾಧ್ಯರು ಫ್ಯಾನಿನ ಕಡೆ ನೋಡಿದರು.

ಆ ನೋಟ ಗಂಗಾಂಬಿಕೆಗೆ ಚೆನ್ನಾಗಿ ಗೊತ್ತಿತ್ತು. ಅವರು ಅವರೆಕಾಯಿಯ ಬಟ್ಟಲನ್ನು ಟೀಪಾಯಿಯ ಮೇಲಿಟ್ಟರು.

“ಏನ್ ಮಾಡಿದೀರಿ?”

“ಟಿವಿ ಹಾಕು” ಎಂದರು ಆರಾಧ್ಯರು, ಸಣ್ಣ ದನಿಯಲ್ಲಿ.

ಗಂಗಾಂಬಿಕೆ ರಿಮೋಟ್ ಕೈಗೆತ್ತಿಕೊಂಡರು. ಟಿವಿಯ ಕೆಳಗೆ ಅವರ ಆಟದ ಪೆಟ್ಟಿಗೆಯಿತ್ತು.

ಎಂಟು ತಿಂಗಳ ಹಿಂದೆ ಅವರ ಎರಡೂ ಮಂಡಿಗಳಿಗೆ ಶಸ್ತ್ರಚಿಕಿತ್ಸೆ ಆಗಿತ್ತು. ದಿನಕ್ಕೆ ಒಂದು ಗಂಟೆ ಪಾದ ಆಡಿಸಬೇಕು ಎಂದು ಫಿಸಿಯೋಥೆರಪಿಯ ಹುಡುಗಿ ಹೇಳಿದ್ದಳು. ಗೋಡೆ ನೋಡಿಕೊಂಡು ಪಾದ ಆಡಿಸಿದರೆ ಹತ್ತು ನಿಮಿಷಕ್ಕೇ ಬೇಸರ ಬರುತ್ತಿತ್ತು. ಆಗ ಆರಾಧ್ಯರಿಗೆ ಒಂದು ಒಳ್ಳೆಯ ಯೋಚನೆ ಬಂತು. ಅವರಿಗೂ ಆಗಾಗ ಬರುತ್ತಿತ್ತು. ಮೊಮ್ಮಗನ ಪರೀಕ್ಷೆ ಮುಗಿಯುವವರೆಗೆ ಇರಲೆಂದು ಮಗಳು ಇವರ ಮನೆಯಲ್ಲಿ ಬಚ್ಚಿಟ್ಟುಹೋಗಿದ್ದ ಕಾರ್ ರೇಸಿನ ಆಟಕ್ಕೆ ಅವರು ಹಳೆಯ ಹೊಲಿಗೆ ಮಿಷನ್ನಿನ ಪೆಡಲನ್ನು ಜೋಡಿಸಿಕೊಟ್ಟರು. ಪೆಡಲ್ ತುಳಿದರೆ ಪರದೆಯ ಮೇಲಿನ ಕಾರು ಓಡುತ್ತಿತ್ತು, ಕೈಯಲ್ಲಿನ ಸ್ಟೀರಿಂಗ್ ತಿರುಗಿಸಿದರೆ ತಿರುಗುತ್ತಿತ್ತು. ಗಂಗಾಂಬಿಕೆ ಮೊದಲ ದಿನ ಮರಕ್ಕೆ ಗುದ್ದಿದರು. ಎರಡನೆಯ ದಿನ ಕೆರೆಗೆ ಬಿದ್ದರು. ಒಂದು ತಿಂಗಳಲ್ಲಿ ಮೊದಲ ಕಪ್ ಗೆದ್ದರು!

ಈಗ ಹನ್ನೊಂದು ಕಪ್ ಆಗಿದ್ದವು. ಇನ್ನೂರ ಹನ್ನೊಂದು ಓಟಗಳು. ಎಲ್ಲವನ್ನೂ ಅವರು ಓಡಿಸಿದ್ದು ಆಟದ ಆರಂಭದಲ್ಲಿ ಪುಕ್ಕಟೆ ಸಿಗುವ ಪುಟ್ಟ ನೀಲಿ ಕಾರಿನಲ್ಲೇ. ಒಳ್ಳೇ ಗಾಡಿ ಆರಿಸಿಕೋ ಎಂದು ಯಾರು ಹೇಳಿದರೂ ಅವರದು ಒಂದೇ ಉತ್ತರ: “ಬಲಕ್ಕೆ ಎಳೆಯುತ್ತೆ, ಏರು ಬಂದ್ರೆ ಏದುಸಿರು ಬಿಡುತ್ತೆ. ಇರಲಿ, ನನಗೆ ಅಭ್ಯಾಸ ಆಗಿದೆ.” ಮೊದಲ ಕಪ್ಪಿನ ಹೊತ್ತಿಗೆ ಅವರು ಹಾಸಿಗೆಯಿಂದ ಕುರ್ಚಿಗೆ ಬರುತ್ತಿದ್ದರು. ಐದನೆಯದರ ಹೊತ್ತಿಗೆ ವಾಕರ್ ಹಿಡಿದು ಅಡುಗೆಮನೆಗೆ. ಹನ್ನೊಂದನೆಯದರ ದಿನ ಬರೀ ಕೋಲು ಹಿಡಿದು ಗೇಟಿನವರೆಗೆ. ಆಸ್ಪತ್ರೆಯ ಫೈಲಿನಲ್ಲಿ ಇದ್ಯಾವುದೂ ಇರಲಿಲ್ಲ. ಇದ್ದದ್ದು ಆ ಆಟದೊಳಗೆ ಮಾತ್ರ.

ಹನ್ನೆರಡನೆಯ ಕಪ್ಪನ್ನು ಮಾತ್ರ ಅವರು ಒಂಬತ್ತು ಸಲ ಸೋತಿದ್ದರು. ಒಂಬತ್ತು ಸಲವೂ ಕೊನೆಯ ತಿರುವಿನಲ್ಲಿ, ಹಿಮದ ಗುಡ್ಡೆಯೊಳಗೆ ನುಗ್ಗಿ.

ಟಿವಿ ಹೊತ್ತಿಕೊಂಡಿತು. ಹನ್ನೊಂದು ಕಪ್‌ಗಳ ಚಿತ್ರ ಬರಬೇಕಾದ ಜಾಗದಲ್ಲಿ ಕಪ್ಪು ಪರದೆ. ಅದರ ಮೇಲೆ, ಉಳಿಸಿಟ್ಟ ಆಟ ಕೆಟ್ಟುಹೋಗಿದೆ, ಹೊಸದಾಗಿ ಆರಂಭಿಸುವಿರಾ ಎಂಬರ್ಥದ ಒಂದು ಇಂಗ್ಲಿಷ್ ಸಾಲು.

ಗಂಗಾಂಬಿಕೆ ಆ ಸಾಲನ್ನು ಎರಡೆರಡು ಸಲ ಓದಿದರು. ಅವರು ಬೈದಿದ್ದರೆ ಆರಾಧ್ಯರಿಗೆ ಎಷ್ಟೋ ಸಮಾಧಾನವಾಗುತ್ತಿತ್ತು.

“ನಿನ್ನೆ ನೀನು ಫಿಸಿಯೋಥೆರಪಿಗೆ ಹೋಗಿದ್ಯಲ್ಲ, ಆಗ... ಮೊನ್ನೆ ಒಂಬತ್ತನೇ ಸಲ ಸೋತು ಮುಖ ಸಪ್ಪಗೆ ಮಾಡ್ಕೊಂಡಿದ್ದೆ ನೋಡು. ನನಗೆ ತಡೀಲಿಲ್ಲ. ಆಟದ ಸೇವ್ ಫೈಲನ್ನ ಕಂಪ್ಯೂಟರಲ್ಲಿ ತೆಗೆದು, ಹನ್ನೆರಡನೇ ಕಪ್ಪೂ ಗೆದ್ದಿದಾಳೆ ಅಂತ ಬರೆದುಬಿಟ್ಟೆ. ಒಂದೇ ಒಂದು ಅಂಕಿ ಕಣೇ! ಆದ್ರೆ ಆ ಫೈಲಿನ ಕೊನೇಲಿ ಎಲ್ಲಾ ಅಂಕಿಗಳನ್ನೂ ಕೂಡಿ ಒಂದು ಮೊತ್ತ ಇಟ್ಟಿರ್ತಾರಂತೆ. ಒಳಗೆ ಯಾರಾದ್ರೂ ಕೈಯಾಡಿಸಿದ್ರೆ ಮೊತ್ತ ತಾಳೆ ಆಗಲ್ಲ. ಆಟ ಬಾಗಿಲು ಹಾಕ್ಕೊಳ್ಳುತ್ತೆ.”

“ಆ ಒಂದು ಅಂಕಿನ ವಾಪಸ್ ಮೊದಲಿನ ಹಾಗೇ ಬರೀಬೇಕಾಗಿತ್ತು.”

“ಅಷ್ಟರಲ್ಲಿ ಮೊತ್ತ ತಾಳೆ ಆಗ್ಲಿ ಅಂತ ಅಲ್ಲಿ ಇಲ್ಲಿ ಇನ್ನೊಂದಿಷ್ಟು ತಿದ್ದಿದ್ದೆ.”

“ಎಷ್ಟು?”

“ನೂರ ಹದಿನಾಲ್ಕು.”

“ತಿದ್ದೋ ಮುಂಚೆ ಒಂದು ನಕಲು ತೆಗೆದಿಟ್ಕೊಳ್ಳಲ್ವೇನ್ರೀ? ಮೇಷ್ಟ್ರಾಗಿದ್ದವರು ನೀವು!”

“ತೆಗೆದಿದ್ದೆ! ನಾನೇನು ದಡ್ಡನಾ?” ಆರಾಧ್ಯರ ದನಿ ಒಂದು ಕ್ಷಣ ಏರಿ, ಹಾಗೇ ಇಳಿಯಿತು. “ಆಮೇಲೆ, ಮೂಲಕ್ಕೂ ನಕಲಿಗೂ ವ್ಯತ್ಯಾಸ ಇರಬಾರ್ದು ಅಂತ ನಕಲಲ್ಲೂ ಅಷ್ಟನ್ನೂ ತಿದ್ದಿದೆ.”

ಗಂಗಾಂಬಿಕೆ ಕಣ್ಣು ಮುಚ್ಚಿಕೊಂಡರು. ಮೂವತ್ತಮೂರು ವರ್ಷದ ಪ್ರಯೋಗಾಲಯ ಒಬ್ಬ ಮನುಷ್ಯನಿಗೆ ಏನೆಲ್ಲ ಮಾಡಬಲ್ಲದು!

“ನನಗೆ ಆ ಕಪ್ ಬೇಡ ಕಣ್ರೀ. ಆ ಹನ್ನೊಂದು ಬೇಕು. ಕಾಲು ಇಷ್ಟಿಷ್ಟೇ ಮಡಚೋಕೆ ಬಂದಿದ್ದೆಲ್ಲ ಅದರೊಳಗಿದೆ. ಅದೊಂದನ್ನ ಯಾರೂ ತಿದ್ದಿಕೊಟ್ಟಿದ್ದಲ್ಲ, ನಾನೇ ಮಾಡಿದ್ದು.”

ಆರಾಧ್ಯರ ಕಣ್ಣು ತೇವವಾಯಿತು. ಮರುಕ್ಷಣವೇ ಅಭ್ಯಾಸದಂತೆ ಅವರಿಗೆ ಏನಾದರೂ ತಿದ್ದಬೇಕೆನಿಸಿತು. “ಅದಕ್ಕೇ ಅಲ್ವೇನೇ ಈ ಯಂತ್ರ! ಈಗಲೇ ತಾಳೆ ಮಾಡ್ತೀನಿ!” ಎನ್ನುತ್ತಾ ಸೇವ್ ಫೈಲ್ ಇದ್ದ ಪೆನ್‌ಡ್ರೈವನ್ನು ಗಾಜಿನ ಪೆಟ್ಟಿಗೆಯೊಳಗೆ ಸಿಕ್ಕಿಸಿ, ಅದರಿಂದ ಒಂದು ತಂತಿ ಎಳೆದು ಆಟದ ಪೆಟ್ಟಿಗೆಗೆ ಕೊಟ್ಟು, ಗುಂಡಿ ಒತ್ತಿಯೇಬಿಟ್ಟರು.

ಇಡ್ಲಿ ತಟ್ಟೆಗಳು ಗುಂಯ್‌ಗುಟ್ಟಿದವು. ಪರದೆ ಬೆಳಗಿತು. ಯಂತ್ರಕ್ಕೆ ಆರಾಧ್ಯರು ಕನ್ನಡ ಕಲಿಸಿದ್ದರಿಂದ ಸಾಲುಗಳು ಕನ್ನಡದಲ್ಲೇ ಮೂಡಿದವು.

ಹನ್ನೊಂದು ಕಪ್: ಸರಿಯಿದೆ.

“ಬಂತು!” ಎಂದು ಗಂಗಾಂಬಿಕೆ ಎದೆಯ ಮೇಲೆ ಕೈಯಿಟ್ಟುಕೊಂಡರು.

ಹನ್ನೆರಡನೆಯ ಕಪ್: ಗೆದ್ದವರು ಗಂಗಾ. ಆದರೆ ಓಟ ನಡೆದಿಲ್ಲ. ಈಗ ನಡೆಸಲಾಗುವುದು.

“ಈಗ ನಡೆಸಲಾಗುವುದು ಅಂದ್ರೆ?” ಎಂದು ಗಂಗಾಂಬಿಕೆ ಕೇಳುವಷ್ಟರಲ್ಲಿ ಅಡುಗೆಮನೆಯಲ್ಲಿ ಏನೋ ಉರುಳಿದ ಸದ್ದಾಯಿತು.

ಚಕ್ರದ ಸ್ಟ್ಯಾಂಡಿನ ಮೇಲಿದ್ದ ಖಾಲಿ ಗ್ಯಾಸ್ ಸಿಲಿಂಡರ್ ತಾನಾಗಿಯೇ ಹೊಸಿಲು ದಾಟಿ ಬಂತು. ನಡುಮನೆಯಲ್ಲಿ ಒಂದು ಕ್ಷಣ ನಿಂತು, ದಾರಿ ನೋಡಿಕೊಂಡಂತೆ ಮಾಡಿ, ಮುಂಬಾಗಿಲಿನಿಂದ ಹೊರಗೆ ಹೋಯಿತು. ಅದರ ಹಿಂದೆ ಆರಾಧ್ಯರ ತಿರುಗುವ ಕುರ್ಚಿ, ಗಿರಗಿರನೆ ಸುತ್ತುತ್ತಾ. ಅದರ ಹಿಂದೆ ಟೀಪಾಯಿ, ಸುಲಿದ ಅವರೆಕಾಳಿನ ಬಟ್ಟಲಿನ ಸಮೇತ!

“ಅಯ್ಯೋ, ನನ್ನ ಅವರೆಕಾಳು!” ಗಂಗಾಂಬಿಕೆ ಕೋಲು ಹಿಡಿದು ಜಗಲಿಗೆ ಬಂದರು.

ಗೇಟಿನ ಬಳಿ ಸಾಮಾನುಗಳು ಸಾಲಾಗಿ ನಿಲ್ಲುತ್ತಿದ್ದವು. ಪಕ್ಕದ ಮನೆಯಿಂದ ಒಂದು ಕೆಂಪು ಸೂಟ್‌ಕೇಸ್ ಉರುಳಿಕೊಂಡು ಬಂದು ಸಾಲು ಸೇರಿತು. ಅದರ ಹಿಂದೆ ಓಡಿಬಂದವರು ಅದರ ಒಡತಿ ಫಿಲೋಮಿನಾ ಟೀಚರ್. ಹೈಸ್ಕೂಲಿನಲ್ಲಿ ವ್ಯಾಯಾಮ ಕಲಿಸಿ ನಿವೃತ್ತರಾಗಿ ಆರು ವರ್ಷವಾದರೂ ಅವರ ಕೊರಳಲ್ಲಿ ಸೀಟಿ ಇನ್ನೂ ತೂಗುತ್ತಿತ್ತು.

“ಗಂಗಕ್ಕ! ಕೋಲಾರಕ್ಕೆ ಹೋಗಕ್ಕೆ ಅಂತ ಬಟ್ಟೆ ತುಂಬಿಟ್ಟಿದ್ದೆ. ನನ್ನ ಬಿಟ್ಟು ಅದೊಂದೇ ಹೊರಟುಬಿಡ್ತು!”

“ನಮ್ಮೆಜಮಾನ್ರು ಹೊಸ ಯಂತ್ರ ಮಾಡಿದಾರೆ ಟೀಚರ್.”

“ಹಂಗನ್ನಿ” ಎಂದರು ಫಿಲೋಮಿನಾ. ಆ ಬೀದಿಯಲ್ಲಿ ಅಷ್ಟು ವಿವರಣೆ ಸಾಕಾಗುತ್ತಿತ್ತು.

ಗೇಟು ತಾನಾಗಿ ತೆರೆಯಿತು. ಒಂದು ತರಕಾರಿ ತಳ್ಳುಗಾಡಿ ಒಳಗೆ ನುಗ್ಗಿತು. ಅದರ ಹಿಡಿಕೆಗೆ ಜೋತುಬಿದ್ದು ಬಂದ ಚಿಕ್ಕರಂಗಪ್ಪ, “ಸಾಮೀ, ನನ್ ಗಾಡಿಗೆ ಏನೋ ಮೆಟ್ಕೊಂಡೈತೆ! ಬ್ಯಾಡ ಬ್ಯಾಡ ಅಂದ್ರೂ ನಿಮ್ಮನೇಗೇ ಬತ್ತೈತೆ!” ಎಂದು ಕೂಗಿದ.

“ಆಟದಲ್ಲಿ ಆರು ಗಾಡಿ ಇರ್ತಾವೆ” ಎಂದು ಆರಾಧ್ಯರು ಬೆರಳು ಮಡಚಿದರು. “ಇಲ್ಲಿ ಐದಾಯ್ತು. ಆರನೇದು...”

ಮೆಟ್ಟಿಲ ಕೆಳಗಿನ ಕತ್ತಲೆಯಿಂದ ಕಿರ್ರ್ ಎಂದು ಸದ್ದು ಬಂತು. ಧೂಳು ಹಿಡಿದ ಗಾಲಿಕುರ್ಚಿಯೊಂದು ಮೈಮುರಿದು ಬಿಚ್ಚಿಕೊಂಡು, ಹೊರಗೆ ಬಂದು, ಗಂಗಾಂಬಿಕೆಯ ಮುಂದೆ ನಿಂತಿತು. ಎಂಟು ತಿಂಗಳ ಹಿಂದೆ ಅವರನ್ನು ಆಸ್ಪತ್ರೆಯಿಂದ ಮನೆಗೆ ತಂದದ್ದು ಅದೇ. ಮತ್ತೆಂದೂ ಇದರಲ್ಲಿ ಕೂರಲಾರೆ ಎಂದು ಅವರು ಅದನ್ನು ಅಲ್ಲಿಗೆ ತಳ್ಳಿಸಿದ್ದರು. ಅದರ ಬಣ್ಣ ನೀಲಿ.

ಗಂಗಾಂಬಿಕೆ ಮುಖ ತಿರುಗಿಸಿಕೊಂಡರು. ನೀಲಿ ಕುರ್ಚಿ ಸ್ವಲ್ಪ ಹೊತ್ತು ಕಾದು, ಚಾಲಕಿಯಿಲ್ಲದೆ ಅಲ್ಲೇ ನಿಂತಿತು. ಉಳಿದ ಐದೂ ಹೊರಟೇಬಿಟ್ಟವು!

ಮನೆಯ ಸುತ್ತ ಎಂಟಡಿ ಅಗಲದ ಓಣಿಯಿತ್ತು. ಗೇಟಿನಿಂದ ಹೊರಟು, ಸಂಪಿನ ಪಕ್ಕದಲ್ಲಿ ಹಾದು, ಹಿತ್ತಿಲ ನಲ್ಲಿಯ ಬಳಿ ತಿರುಗಿ, ಬಟ್ಟೆ ಒಗೆಯುವ ಕಲ್ಲನ್ನು ಬಳಸಿಕೊಂಡು ಮತ್ತೆ ಗೇಟಿಗೆ ಬಂದರೆ ಒಂದು ಸುತ್ತು. ಹನ್ನೆರಡನೆಯ ಕಪ್ಪಿಗೆ ಆರು ಸುತ್ತು. ಮನೆಬಳಕೆಯ ಸಾಮಾನುಗಳಿಗೆ ವೇಗ ಹೆಚ್ಚಿರಲಿಲ್ಲ, ಹಠ ಮಾತ್ರ ವಿಪರೀತ! ಟೀಪಾಯಿ ಸೂಟ್‌ಕೇಸಿಗೆ ಅಡ್ಡ ಬಂತು. ತಳ್ಳುಗಾಡಿಯಿಂದ ಪ್ರತಿ ತಿರುವಿಗೂ ನಾಲ್ಕು ಬದನೆಕಾಯಿ ಉದುರಿದವು. ಫಿಲೋಮಿನಾ ಟೀಚರಿಗೆ ತಡೆಯಲಾಗಲಿಲ್ಲ. ಸೀಟಿ ಬಾಯಿಗೇರಿತು.

“ಪೀ...! ಏಯ್ ಟೀಪಾಯಿ, ತಳ್ಳಬಾರ್ದು! ನಿನ್ನ ಲೈನಲ್ಲಿ ಹೋಗು!”

ಕೊನೆಗೆ ಸಿಲಿಂಡರ್ ಠಣಠಣ ಎನ್ನುತ್ತಾ ಮೊದಲು ಬಂತು. ಕಿಟಕಿಯೊಳಗಿನಿಂದ ಟಿವಿ ಕಾಣುತ್ತಿತ್ತು.

ಗೆದ್ದವರು: ಸಿಲಿಂಡರ್. ತಾಳೆಯಾಗಲಿಲ್ಲ. ಮತ್ತೆ ನಡೆಸಲಾಗುವುದು.

ಸಾಮಾನುಗಳು ಮತ್ತೆ ಗೇಟಿನ ಬಳಿ ಸಾಲಾದವು. ಮತ್ತೆ ಆರು ಸುತ್ತು. ಮತ್ತೆ ಸಿಲಿಂಡರ್. ಮತ್ತೆ ತಾಳೆಯಾಗಲಿಲ್ಲ.

ಮೂರನೆಯ ಸಲ ಸಿಲಿಂಡರ್ ಗೆದ್ದು ಬಂದಾಗ ಚಿಕ್ಕರಂಗಪ್ಪ ಜಗಲಿಯ ಮೇಲೆ ಕುಸಿದು ಕೂತ. “ಬುಡ್ರಮ್ಮಾ, ಈ ಗಾಡಿ ನನ್ ಮಾತು ಕೇಳಾಕಿಲ್ಲ. ಹತ್ತು ಗಂಟೆ ಆಯ್ತು, ಇನ್ನ ಯಾರ್ ತಗಂತಾರೆ ಬದನೆಕಾಯ?”

ಆರಾಧ್ಯರು ಒಳಗೆ ಓಡಿ ಪ್ಲಗ್ ಕಿತ್ತರು. ಯಂತ್ರ ನಿಲ್ಲಲಿಲ್ಲ. ಬ್ಯಾಟರಿಯಿತ್ತಲ್ಲ! ಬ್ಯಾಟರಿಯ ತಂತಿ ಕೀಳಲು ಹೋದರು. ಇಡ್ಲಿ ತಟ್ಟೆ ಚಟ್ ಎಂದು ಕೈಗೆ ಹೊಡೆಯಿತು. ಕೊನೆಗೆ ಬೆವರೊರೆಸಿಕೊಂಡು, “ಉತ್ತರ ಬರೆದಾಗಿದೆ ಕಣೇ. ನೀನು ಗೆದ್ದಿದ್ದೀಯ ಅಂತ. ಅದು ನಿಜ ಆಗೋವರೆಗೂ ಇದು ಓಟ ನಡೆಸ್ತಾನೇ ಇರುತ್ತೆ. ಪೆನ್‌ಡ್ರೈವ್ ಕಿತ್ತುಬಿಡ್ತೀನಿ” ಎಂದರು.

“ಮಧ್ಯದಲ್ಲಿ ಕಿತ್ತರೆ ಒಳಗಿರೋದು?”

ಆರಾಧ್ಯರು ಮತ್ತೆ ಫ್ಯಾನ್ ಇದ್ದ ಕಡೆ ನೋಡಿದರು.

“ಕೈ ತೆಗೀರಿ, ಹೊರಗೆ ಬನ್ನಿ” ಎಂದರು ಗಂಗಾಂಬಿಕೆ, ಕಿಟಕಿಯಿಂದ.

ಅವರು ನೀಲಿ ಕುರ್ಚಿಯನ್ನು ಕೆಳಗಿನಿಂದ ಮೇಲಿನವರೆಗೆ ನೋಡಿದರು. ಆ ಕುರ್ಚಿಯಲ್ಲಿ ಕೂತು ಮನೆಗೆ ಬಂದ ದಿನ ಬೀದಿಯವರೆಲ್ಲ ಗೇಟಿನಲ್ಲಿ ನಿಂತು ಅಯ್ಯೋ ಪಾಪ ಎಂದದ್ದು ನೆನಪಾಯಿತು. ಕಿಟಕಿಯಾಚೆ ಪರದೆಯ ಮೇಲೆ ಹನ್ನೊಂದು ಕಪ್‌ಗಳು ಮಿಣುಕುತ್ತಿದ್ದವು. ಗಂಗಾಂಬಿಕೆ ಕೋಲನ್ನು ಫಿಲೋಮಿನಾರ ಕೈಗೆ ಕೊಟ್ಟು, ಸೆರಗು ಸೊಂಟಕ್ಕೆ ಸಿಕ್ಕಿಸಿ, ಕುರ್ಚಿಯಲ್ಲಿ ಕೂತರು.

“ಇದಕ್ಕೆ ಎಂಜಿನ್ ಎಲ್ಲಿ ಗಂಗಕ್ಕ?” ಎಂದರು ಫಿಲೋಮಿನಾ.

ಗಂಗಾಂಬಿಕೆ ಗಂಡನ ಕಡೆ ನೋಡಿದರು. ಫಿಲೋಮಿನಾ ನೋಡಿದರು. ಚಿಕ್ಕರಂಗಪ್ಪನೂ ನೋಡಿದ.

“ನನಗೆ ಅರವತ್ತೆಂಟು!” ಎಂದರು ಆರಾಧ್ಯರು.

“ಪಂಚೆ ಎತ್ತಿ ಕಟ್ಟಿ.”

ಸೀಟಿ ಮೊಳಗಿತು. ಮೊದಲ ಸುತ್ತಿನಲ್ಲಿ ನೀಲಿ ಗಾಡಿ ಆರರಲ್ಲಿ ಆರನೆಯದು.

“ರೀ, ಬಲಕ್ಕೆ ಎಳೀತಾ ಇದೀರಿ! ಗೋಡೆಗೆ ತಾಗುತ್ತೆ!”

“ನನ್ನ ಬಲ ಭುಜ ಹಿಡಿದಿದೆ ಕಣೇ!”

“ಸಂಪಿನ ಹತ್ರ ಒಳಗಿಂದ ಬನ್ನಿ! ಒಳಗಿಂದ! ಅದು ಹೊರಗಾಯ್ತು!”

“ಒಳಗು ಯಾವುದು ಹೊರಗು ಯಾವುದು, ನನಗೆ ಏನೂ ಕಾಣ್ತಿಲ್ಲ, ನಿನ್ನ ತುರುಬು ಅಡ್ಡ!”

ಎರಡನೆಯ ಸುತ್ತಿನಲ್ಲಿ ತಿರುಗುವ ಕುರ್ಚಿ ತಲೆ ಸುತ್ತಿ, ದಿಕ್ಕು ತಪ್ಪಿ, ದಾಸವಾಳದ ಗಿಡದೊಳಗೆ ಹೋಗಿ ನಿಂತಿತು. ಮೂರನೆಯದರಲ್ಲಿ ಟೀಪಾಯಿ ಬದನೆಕಾಯಿಯೊಂದರ ಮೇಲೆ ಹತ್ತಿ ಜಾರಿ ಅಂಗಾತ ಬಿತ್ತು. ಅವರೆಕಾಳು ಅಂಗಳದ ತುಂಬ ಹರಡಿತು. ನಾಲ್ಕನೆಯದರಲ್ಲಿ ಸೂಟ್‌ಕೇಸಿನ ಜಿಪ್ ಬಿಚ್ಚಿ ಎರಡು ಸೀರೆ, ಒಂದು ಜೊತೆ ಓಟದ ಬೂಟು, ಒಂದು ಡಬ್ಬಿ ಚಕ್ಕುಲಿ ಹೊರಬಿದ್ದವು. ಒಡತಿ ಸೀಟಿ ಊದಿ ಸ್ವಂತ ಸೂಟ್‌ಕೇಸನ್ನೇ ಅನರ್ಹಗೊಳಿಸಿದರು. ಐದನೆಯದರಲ್ಲಿ ತಳ್ಳುಗಾಡಿ ಒಗೆಯುವ ಕಲ್ಲಿಗೂ ಕಾಂಪೌಂಡಿಗೂ ಮಧ್ಯೆ ನುಗ್ಗಹೋಗಿ, ಒಂದು ಚಕ್ರ ಕಲ್ಲಿನ ಮೇಲೇರಿ, ಗೋಡೆಗೆ ಒರಗಿಕೊಂಡುಬಿಟ್ಟಿತು. ಚಿಕ್ಕರಂಗಪ್ಪ ಹೋಗಿ ಅದನ್ನು ದಾರಿಯಿಂದ ಪಕ್ಕಕ್ಕೆಳೆದು ಎರಡೂ ಕೈಯಲ್ಲಿ ಹಿಡಿದುಕೊಂಡ. “ಅಮ್ಮಾ, ಇದ್ನ ನಾ ಬುಡಾಕಿಲ್ಲ! ನೀವು ನುಗ್ರಿ!”

ಉಳಿದದ್ದು ಸಿಲಿಂಡರ್ ಮತ್ತು ನೀಲಿ ಗಾಡಿ. ಕೊನೆಯ ಸುತ್ತು. ಸಿಲಿಂಡರ್ ಎರಡು ಮಾರು ಮುಂದಿತ್ತು.

“ಗಂಗಾ... ನನ್ನ ಕೈಲಾಗಲ್ಲ...” ಎಂದು ಆರಾಧ್ಯರು ಏದುಸಿರು ಬಿಟ್ಟರು. ಗಾಡಿ ಹಿತ್ತಿಲ ನಲ್ಲಿಯ ಬಳಿ ತಿರುಗುತ್ತಿತ್ತು. ಎದುರಿಗೆ ಒಗೆಯುವ ಕಲ್ಲು. ಕೊನೆಯ ತಿರುವು.

ಗಂಗಾಂಬಿಕೆಯ ಕಾಲು ಅಭ್ಯಾಸಬಲದಿಂದ ಇಲ್ಲದ ಪೆಡಲನ್ನು ತುಳಿಯಿತು. ಒಂಬತ್ತು ಸಲವೂ ಅವರು ಇಲ್ಲೇ ತುಳಿದಿದ್ದರು. ಇಲ್ಲಿ ಬಿಟ್ಟರೆ ಕೈತಪ್ಪಿತು ಎಂಬ ಆತುರದಲ್ಲಿ ತುಳಿದು, ಹಿಮದ ಗುಡ್ಡೆಗೆ ನುಗ್ಗಿದ್ದರು. ಬೆನ್ನ ಹಿಂದೆ ಗಂಡನ ಉಸಿರು ಹಳೆಯ ತಿದಿಯಂತೆ ಏರಿಳಿಯುವುದು ಕೇಳಿಸಿತು. ಈ ಎಂಜಿನ್ನನ್ನು ಇನ್ನು ತುಳಿದರೆ ನಿಂತೇಹೋಗುತ್ತದೆ ಎಂದು ಅವರಿಗೆ ಅನ್ನಿಸಿತು.

“ನಿಧಾನ ಮಾಡಿ” ಎಂದರು.

“ಏನೂ?”

“ನಿಧಾನ ಮಾಡೀಂದ್ರೆ! ಉಸಿರು ತಗೊಳ್ಳಿ. ಒಳಗಡೆ ಬನ್ನಿ. ಇನ್ನೂ ಒಳಗೆ. ಈಗ ತಿರುಗಿಸಿ... ಈಗ ತಳ್ಳಿ!”

ಮುಂದಿದ್ದ ಸಿಲಿಂಡರ್ ಒಂದಿಷ್ಟೂ ತಡೆಯದೆ ತಿರುವಿಗೆ ನುಗ್ಗಿತು. ಬೆಳಗ್ಗೆ ಬಟ್ಟೆ ಒಗೆದ ಸೋಪಿನ ನೀರು ಅಲ್ಲಿ ನಿಂತಿತ್ತು. ಸಿಲಿಂಡರ್ ಸರ್ರನೆ ಜಾರಿ, ಕಲ್ಲಿನಿಂದ ದೂರ ದೂರ ಹೋಗಿ, ನೆನೆಹಾಕಿದ ಬೆಡ್‌ಶೀಟಿನ ಬಕೆಟ್ಟಿಗೆ ಬಡಿದು, ನೊರೆಯಲ್ಲಿ ಅಡ್ಡಬಿತ್ತು. ಅದು ಬಿಟ್ಟ ಜಾಗದಲ್ಲಿ, ಕಲ್ಲನ್ನು ಸವರಿಕೊಂಡು, ಬಲಕ್ಕೆ ಎಳೆಯುತ್ತಾ, ಏದುಸಿರು ಬಿಡುತ್ತಾ ನೀಲಿ ಗಾಡಿ ಹಾದುಹೋಯಿತು!

ಫಿಲೋಮಿನಾ ಟೀಚರ್ ಊದಿದ ಸೀಟಿ ನಾಲ್ಕು ಬೀದಿಗೆ ಕೇಳಿಸಿತು. ನಡುಮನೆಯಲ್ಲಿ ಯಂತ್ರ ‘ಟಿಣ್!’ ಎಂದಿತು. ಇಡ್ಲಿ ತಟ್ಟೆಗಳು ಸದ್ದಡಗಿ, ಬರೀ ಇಡ್ಲಿ ತಟ್ಟೆಗಳಾದವು.

ಆರಾಧ್ಯರು ಜಗಲಿಯ ಕಂಬಕ್ಕೆ ಒರಗಿ ಕೂತರು. ಗಂಗಾಂಬಿಕೆ ಕುರ್ಚಿಯಿಂದ ತಾವೇ ಎದ್ದು, ಒಳಗೆ ಹೋಗಿ ನೀರು ತಂದುಕೊಟ್ಟರು. ಕೋಲು ಇನ್ನೂ ಫಿಲೋಮಿನಾರ ಕೈಯಲ್ಲೇ ಇತ್ತು. ಅದನ್ನು ಗಂಡ ಹೆಂಡತಿ ಇಬ್ಬರೂ ಗಮನಿಸಿದರು.

ಆಮೇಲೆ ಎಲ್ಲರೂ ಸೇರಿ ಬದನೆಕಾಯಿ ಆರಿಸಿದರು. ಒಡೆದುಹೋದವನ್ನೆಲ್ಲ ಗಂಗಾಂಬಿಕೆಯೇ ಇಟ್ಟುಕೊಂಡರು. ಆ ವಾರವಿಡೀ ಆ ಮನೆಯಲ್ಲಿ ಎಣಗಾಯಿ. ಗಡಿಯಾರ ಗಂಟೆಗೆ ಐದು ನಿಮಿಷ ಮುಂದೆ ಓಡುತ್ತಿದ್ದುದರಿಂದ ಗಾಬರಿಬಿದ್ದು ಹೊರಟ ಫಿಲೋಮಿನಾ ಟೀಚರಿಗೆ ಕೋಲಾರದ ಬಸ್ಸು ಸಿಕ್ಕಿತಂತೆ. ಯಂತ್ರದಿಂದ ಒಟ್ಟಾರೆ ಆದ ಉಪಕಾರ ಅಂದರೆ ಇದೊಂದೇ ಎಂದು ಅವರು ಈಗಲೂ ಹೇಳುತ್ತಾರೆ.

ಎಲ್ಲರೂ ಹೋದ ಮೇಲೆ ಗಂಡ ಹೆಂಡತಿ ಟಿವಿಯ ಮುಂದೆ ಕೂತರು. ಆಟ ತಕರಾರಿಲ್ಲದೆ ತೆರೆದುಕೊಂಡಿತು. ಹನ್ನೆರಡು ಕಪ್‌ಗಳು ಸಾಲಾಗಿ ಹೊಳೆದವು. ಹನ್ನೆರಡನೆಯದನ್ನು ಗಂಗಾಂಬಿಕೆ ಸ್ವಲ್ಪ ಹೆಚ್ಚು ಹೊತ್ತು ನೋಡಿದರು. ಆಮೇಲೆ ತಮ್ಮ ನೀಲಿ ಕಾರನ್ನು ನೋಡಲು ಗ್ಯಾರೇಜಿನ ಬಾಗಿಲು ತೆರೆದರು.

ಅಲ್ಲಿ ಕಾರಿರಲಿಲ್ಲ. ಯಂತ್ರ ಪ್ರಾಮಾಣಿಕವಾದದ್ದು. ಓಟ ಯಾವುದರಲ್ಲಿ ನಡೆಯಿತೋ ಅದನ್ನೇ ಆಟಕ್ಕೂ ತಾಳೆ ಮಾಡಿತ್ತು. ಗ್ಯಾರೇಜಿನ ಝಗಝಗ ದೀಪಗಳ ಕೆಳಗೆ ಒಂದು ನೀಲಿ ಗಾಲಿಕುರ್ಚಿ ನಿಂತಿತ್ತು. ಅದರ ಹಿಂದೆ ಪಂಚೆ ಎತ್ತಿ ಕಟ್ಟಿ, ಬಲಭುಜ ಇಳಿಬಿಟ್ಟು, ಏದುಸಿರು ಬಿಡುತ್ತಾ ನಿಂತಿದ್ದ ಒಬ್ಬ ಮುದುಕ! ಪಕ್ಕದಲ್ಲಿ ವಿವರಗಳ ಪಟ್ಟಿ: ತಯಾರಾಗಿ ಅರವತ್ತೆಂಟು ವರ್ಷ. ಗರಿಷ್ಠ ವೇಗ ಗಂಟೆಗೆ ಏಳು ಕಿಲೋಮೀಟರ್.

ಗಂಗಾಂಬಿಕೆ ಪೆಡಲನ್ನು ಮೆಲ್ಲಗೆ ತುಳಿದು ನೋಡಿದರು. ಪರದೆಯ ಮುದುಕ ಕುರ್ಚಿ ತಳ್ಳಿಕೊಂಡು ಹಿಮಪರ್ವತದ ರಸ್ತೆಗೆ ಇಳಿದ. ಗೊಣಗುತ್ತಲೇ ಇಳಿದ. ದೊಡ್ಡ ದೊಡ್ಡ ಕಾರುಗಳು ಅಕ್ಕಪಕ್ಕದಲ್ಲಿ ಬುಸ್ಸೆಂದು ಹಾದುಹೋದವು.

ಆರಾಧ್ಯರು ನಾಚಿಕೆಯಿಂದ ತಲೆ ಕೆರೆದುಕೊಂಡರು. ಹೆಂಡತಿಯ ಮುಖ ಸಪ್ಪಗಾಗಿದೆಯೇ ಎಂದು ಓರೆಗಣ್ಣಿನಲ್ಲಿ ನೋಡಿದರು. ಕೈ ಆಗಲೇ ಪೆನ್‌ಡ್ರೈವಿನ ಕಡೆಗೆ ಸರಿಯುತ್ತಿತ್ತು.

“ಒಂದೇ ಒಂದು ಅಂಕಿ ಕಣೇ. ತಿದ್ದಿ, ನನ್ನ ತೆಗೆದು, ಒಳ್ಳೇ ಗಾಡಿ ಹಾಕಿಕೊಡ್ಲಾ?”

ಗಂಗಾಂಬಿಕೆ ಪರದೆಯಿಂದ ಕಣ್ಣು ತೆಗೆಯಲಿಲ್ಲ. ಮುದುಕ ಮೊದಲ ತಿರುವಿನಲ್ಲಿ ಬಲಕ್ಕೆ ಎಳೆಯುತ್ತಿದ್ದ. ಅವರು ಸ್ಟೀರಿಂಗನ್ನು ಒಂದು ಎಳೆಯಷ್ಟು ಎಡಕ್ಕೆ ತಿರುಗಿಸಿದರು.

“ಬೇಡ ರೀ. ಅಭ್ಯಾಸ ಆಗಿದೆ.”